ಡೊಳ್ಳಿನಿಂದ ಡಮರುವಿನ ಸದ್ದು ಬರುವುದಿಲ್ಲ

ನಮಸ್ಕಾರ. ಇವತ್ತು ಬೇರೆ ವಿಷಯ ಮಾತನಾಡಬೇಕಿತ್ತು. ಬರೆದಿಟ್ಟ ಹಾಳೆಗಳು ಮೇಜಿನ ಮೇಲೇ ಇವೆ. ಆದರೆ ಕಳೆದ ಕಂತಿಗೆ ಬಂದ ಒಂದು ಪ್ರತಿಕ್ರಿಯೆ ಮೂರು ದಿನದಿಂದ ನನ್ನ ತಲೆ ತಿನ್ನುತ್ತಿದೆ.

ಆ ಕಂತು ಕೇಳದವರಿಗೆ ಎರಡು ಮಾತು. ಕೇಳುಗರೊಬ್ಬರು ಕಥೆ ಕಳುಹಿಸಿದ್ದರು. ಅವರೇ ಕಟ್ಟಿದ ಲೋಕ, ಅವರೇ ಹುಟ್ಟಿಸಿದ ನಕ್ಷತ್ರ. ಹೆಸರು ರಕ್ತಾಕ್ಷಿ. ಅರ್ಧ ಆಕಾಶ ತುಂಬುವ ಕೆಂಪು ದೈತ್ಯ. ಹೆಸರಿಗೇ ನಾನು ಮನಸೋತಿದ್ದೆ. ಆದರೆ ರಕ್ತಾಕ್ಷಿ ಎರಡು ಸೆಕೆಂಡಿಗೊಮ್ಮೆ ಉಬ್ಬಿ ಕುಗ್ಗಿ ಮಿಡಿಯುತ್ತದೆಯಂತೆ. ಅಷ್ಟು ದೊಡ್ಡ ನಕ್ಷತ್ರ ಅಷ್ಟು ಬೇಗ ಮಿಡಿಯಲಾರದು ಎಂದೆ. ಅದಕ್ಕೆ ಇನ್ನೊಬ್ಬರ ಉತ್ತರ: "ಕಟ್ಟುಕಥೆ ತಾನೇ ಸರ್, ಹೇಗೆ ಬೇಕಾದರೂ ಮಿಡಿಯಲಿ ಬಿಡಿ."

ಬಿಡುವುದಿಲ್ಲ. ಡೊಳ್ಳಿನಿಂದ ಡಮರುವಿನ ಸದ್ದು ಬರುವುದಿಲ್ಲ.

ಇದು ಬರೀ ಹೋಲಿಕೆಯಲ್ಲ. ನಕ್ಷತ್ರದ ಮಿಡಿತವೆಂದರೆ ಅದರ ಒಡಲೊಳಗೆ ಓಡಾಡುವ ಒತ್ತಡದ ಅಲೆ, ಅಂದರೆ ಒಂದು ಬಗೆಯ ಸದ್ದೇ. ಒಡಲು ದೊಡ್ಡದಾದಷ್ಟೂ, ತೆಳುವಾದಷ್ಟೂ ಮಿಡಿತ ನಿಧಾನ. ಉತ್ತರದ ಆಕಾಶದಲ್ಲಿರುವ ಡೆಲ್ಟಾ ಸೆಫಿ ಎಂಬ ನಕ್ಷತ್ರಕ್ಕೆ ಒಂದು ಮಿಡಿತಕ್ಕೆ 5 ದಿನ 9 ಗಂಟೆ ಬೇಕು. ಆರ್ದ್ರೆಗೆ ಸುಮಾರು 400 ದಿನ. ನಮ್ಮ ರೈತರು ಆರಿದ್ರಾ ಮಳೆ ಎನ್ನುತ್ತಾರಲ್ಲ, ಆ ಹೆಸರಿನ ಕೆಂಪು ನಕ್ಷತ್ರವೇ ಅದು.

ಈಗ ರಕ್ತಾಕ್ಷಿಯನ್ನು ಆರ್ದ್ರೆಯ ಗಾತ್ರಕ್ಕೆ ಹಿಡಿಯೋಣ. ತ್ರಿಜ್ಯ ಸೂರ್ಯನ 600 ಪಟ್ಟು ಎಂದುಕೊಂಡರೂ 42 ಕೋಟಿ ಕಿಲೋಮೀಟರ್. ಅಷ್ಟು ದೂರವನ್ನು ಬೆಳಕು ನೆಟ್ಟಗೆ ಓಡಿ ದಾಟುವುದಕ್ಕೇ 23 ನಿಮಿಷ ಬೇಕು. ಸದ್ದು ಬೆಳಕಿನ ಮುಂದೆ ಆಮೆ. ಅಂಥ ಒಡಲಿಗೆ ಎರಡು ಸೆಕೆಂಡಿನ ಮಿಡಿತವೇ? ಇನ್ನೂ ಒಂದಿದೆ. ಹಾಗೆ ಮಿಡಿದರೂ ನೋಡುವವನಿಗೆ ಕಾಣುವುದಿಲ್ಲ. ಬಿಂಬದ ನಡುವಿನ ಬೆಳಕು ಮೊದಲು ಬರುತ್ತದೆ, ಅಂಚಿನದು ನಿಮಿಷಗಟ್ಟಲೆ ತಡವಾಗಿ ಬರುತ್ತದೆ. ನೂರಾರು ಮಿಡಿತಗಳು ಒಂದರ ಮೇಲೊಂದು ಬಿದ್ದು ಕಲಸಿಹೋಗುತ್ತವೆ. ಕಥಾನಾಯಕ ಆ ಮಿಡಿತಕ್ಕೆ ತನ್ನ ಎದೆಬಡಿತ ಹೊಂದಿಸುತ್ತಾನಂತೆ! ಯಾವುದಕ್ಕೆ ಹೊಂದಿಸುತ್ತಾನೆ?

ಇಲ್ಲಿ ಒಬ್ಬರು ಜಾಣತನ ತೋರಿಸಿದ್ದಾರೆ: "ಪಲ್ಸಾರ್ ಸೆಕೆಂಡಿಗೆ 30 ಸಲ ಮಿಡಿಯುತ್ತದಲ್ಲ?" ಸ್ವಾಮಿ, ಪಲ್ಸಾರ್ ಮಿಡಿಯುವುದೇ ಇಲ್ಲ. ಹೆಸರು ಹಾಗಿದೆ, ಅಷ್ಟೆ. ಅದು ಗಿರಗಿರನೆ ತಿರುಗುವ ನ್ಯೂಟ್ರಾನ್ ನಕ್ಷತ್ರ, ಅಂದರೆ ದೊಡ್ಡ ನಕ್ಷತ್ರ ಸಿಡಿದ ಮೇಲೆ ಉಳಿಯುವ ಬಿಗಿಯಾದ ತಿರುಳು. ಕಡಲ ತೀರದ ದೀಪಸ್ತಂಭದಂತೆ ಅದರ ಕಿರಣ ನಮ್ಮ ಕಡೆ ಬಂದು ಹೋಗುತ್ತದೆ. ಅಡ್ಡಳತೆ ಸುಮಾರು 20 ಕಿಲೋಮೀಟರ್, ಒಂದು ನಗರದಷ್ಟು. 1967ರಲ್ಲಿ ಜೋಸೆಲಿನ್ ಬೆಲ್ ಮೊದಲನೆಯದನ್ನು ಗುರುತಿಸಿದಾಗ 1.34 ಸೆಕೆಂಡಿಗೊಮ್ಮೆ ತಪ್ಪದೆ ಸಂಕೇತ ಬರುತ್ತಿತ್ತು. ಅನ್ಯಗ್ರಹದವರ ಕರೆಯೇನೋ ಎಂದು ತಮಾಷೆಗೆ ಅದಕ್ಕೆ 'ಪುಟ್ಟ ಹಸಿರು ಮನುಷ್ಯರು' ಎಂದು ಅಡ್ಡಹೆಸರನ್ನೂ ಇಟ್ಟಿದ್ದರು. ಎರಡು ಸೆಕೆಂಡೇ ಬೇಕಿದ್ದರೆ ನಗರದಷ್ಟು ನಕ್ಷತ್ರ ಬರೆಯಿರಿ. ಅರ್ಧ ಆಕಾಶವೂ ಬೇಕು, ಎರಡು ಸೆಕೆಂಡೂ ಬೇಕು ಎಂದರೆ ಆಗದು. ಡೊಳ್ಳನ್ನು ಹೊತ್ತು ತಂದು ಡಮರು ಎಂದು ಬಾರಿಸಬೇಡಿ!

ಈ ವಾಹಿನಿಗೆ ಇನ್ನೂ ಚಂದಾದಾರರಾಗದವರು ಈಗಲೇ ಆಗಿಬಿಡಿ. ನಕ್ಷತ್ರಗಳ ಬಗ್ಗೆ ಕನ್ನಡದಲ್ಲಿ ಹೀಗೆ ಜಗಳವಾಡುವವರು ಹೆಚ್ಚಿಲ್ಲ.

ನನಗೆ ಇಷ್ಟು ಸಿಟ್ಟು ಯಾಕೆ? ನಾನು ಆ ಮಿಡಿತವನ್ನು ಕಣ್ಣಾರೆ ಕಂಡಿದ್ದೇನೆ. ಒಂದು ಕಾರ್ತಿಕದಲ್ಲಿ ಊರಿನ ಮನೆಯ ಮಹಡಿಯ ಮೇಲೆ ಕಂಬಳಿ ಹೊದ್ದು, ಉತ್ತರಕ್ಕೆ ಮುಖ ಮಾಡಿ, ಎಂಟು ರಾತ್ರಿ ಡೆಲ್ಟಾ ಸೆಫಿಯನ್ನು ನೋಡಿದೆ. ದೂರದರ್ಶಕವಿಲ್ಲ, ಬರಿಗಣ್ಣು. ಪಕ್ಕದಲ್ಲೇ ಝೀಟಾ, ಎಪ್ಸಿಲಾನ್ ಎಂಬ ಎರಡು ನಕ್ಷತ್ರಗಳಿವೆ. ಒಂದು ರಾತ್ರಿ ಡೆಲ್ಟಾ ಹೆಚ್ಚುಕಡಿಮೆ ಝೀಟಾದಷ್ಟೇ ಬೆಳಗುತ್ತಿತ್ತು. ನಾಲ್ಕನೆಯ ರಾತ್ರಿಗೆ ಎಪ್ಸಿಲಾನ್‌ಗಿಂತಲೂ ಮಂಕು. ಮತ್ತೆ ಏರಿತು. ಅದರ ಹೊರಪದರದಲ್ಲಿರುವ ಹೀಲಿಯಂ ಅನ್ನದ ಪಾತ್ರೆಯ ಮುಚ್ಚಳದಂತೆ ಶಾಖವನ್ನು ತಡೆದಿಡುತ್ತದೆ, ಒಡಲು ಉಬ್ಬುತ್ತದೆ. ಉಬ್ಬಿ ತಣಿದಾಗ ಶಾಖ ಸೋರಿಹೋಗಿ ಕುಗ್ಗುತ್ತದೆ. 1784ರಲ್ಲಿ ಈ ಏರಿಳಿತವನ್ನು ಗುರುತಿಸಿದ ಜಾನ್ ಗುಡ್‌ರಿಕ್‌ಗೆ ಆಗ 20 ವರ್ಷ. ಕಿವಿ ಕೇಳಿಸುತ್ತಿರಲಿಲ್ಲ. 21ಕ್ಕೇ ತೀರಿಕೊಂಡ. ಆ ಹುಡುಗ ರಾತ್ರಿಯಿಂದ ರಾತ್ರಿಗೆ ಕಾದು ಎಣಿಸಿದ ಮಿಡಿತವನ್ನು "ಹೇಗೆ ಬೇಕಾದರೂ" ಎಂದು ತಳ್ಳಿಹಾಕುವುದೇ?

"ಕಲ್ಪನೆಗೆ ಬೇಲಿ ಹಾಕಬೇಡಿ" ಎಂದೂ ಒಬ್ಬರು ಬರೆದಿದ್ದಾರೆ. ಯಕ್ಷಗಾನದ ರಾಕ್ಷಸ ಕಲ್ಪನೆಯೇ. ಹಾಗೆಂದು ತಾಳ ತಪ್ಪಿ ಕುಣಿಯಲಿ, ಸಭೆ ಕೂತಿರುತ್ತದೆಯೇ ನೋಡೋಣ! ಬೇಲಿಯಂತೆ, ಬೇಲಿ! ಎರಡು ಸೆಕೆಂಡಿನ ಮಿಡಿತದಲ್ಲಿ ಏನು ಕಲ್ಪನೆಯಿದೆ? ಗೋಡೆಯ ಗಡಿಯಾರವನ್ನು ಆಕಾಶಕ್ಕೆ ನೇತುಹಾಕಿದ್ದೀರಿ, ಅಷ್ಟೆ. ಮೀರಾ ನಕ್ಷತ್ರವನ್ನು ನೋಡಿ. ಸುಮಾರು 332 ದಿನಕ್ಕೊಂದು ಮಿಡಿತ, ನಡುವೆ ತಿಂಗಳುಗಟ್ಟಲೆ ಬರಿಗಣ್ಣಿಗೆ ಮಾಯ. ಅಂಥ ಸೂರ್ಯನ ಕೆಳಗೆ ಮಂಕಿನಲ್ಲಿ ಹುಟ್ಟಿದ ಮಗು ಹೊಟ್ಟೆಯ ಮೇಲೆ ಹರಿಯುವಷ್ಟು ದೊಡ್ಡದಾದ ಮೇಲೆ ಮೊದಲ ಸಲ ತುಂಬು ಬೆಳಕು ಕಾಣುತ್ತದೆ. ಅಜ್ಜಿ ತನ್ನ ಆಯುಸ್ಸನ್ನು ಎಂಬತ್ತು ಮಿಡಿತ ಎಂದು ಎಣಿಸುತ್ತಾಳೆ. ಇದನ್ನು ಬರೆಯಿರಿ ಎಂದರೆ ನನಗೇ ಬೇಲಿಯ ಮಾತು ಹೇಳುತ್ತೀರಾ? ಡೊಳ್ಳು ಡೊಳ್ಳೇ! ಇನ್ನು ಎಷ್ಟು ಸಲ ಹೇಳಲಿ?

ಹೊತ್ತಾಯಿತು. ರಕ್ತಾಕ್ಷಿಯ ಲೇಖಕರೇ, ಕಥೆಯನ್ನು ತಿದ್ದಿ ಕಳುಹಿಸಿ, ಮುಂದಿನ ಕಂತಿನಲ್ಲಿ ಪೂರ್ತಿ ನಾನೇ ಓದುತ್ತೇನೆ. ಹೆಸರು ಬದಲಿಸಬೇಡಿ, ಕೆಂಪೂ ಇರಲಿ, ಅರ್ಧ ಆಕಾಶವೂ ಇರಲಿ. ಆ ಎರಡು ಸೆಕೆಂಡನ್ನು ಮಾತ್ರ ತೆಗೆಯಿರಿ.