12 ದಿನ, 15 ಅಲ್ಲ

ನಮಸ್ಕಾರ. ಮಂಜೇಶ್ವರ, ಉಪ್ಪಳ, ಕುಂಬಳೆ, ಬದಿಯಡ್ಕದ ಕಡೆ ಈಗ ರೇಡಿಯೋ ಕೇಳುತ್ತಿರುವವರಲ್ಲಿ ಕೆಲವರಾದರೂ ಕೇಂದ್ರ ಸರಕಾರದ ಕಟ್ಟಡದಲ್ಲಿ ಅಂಗಡಿ ಇಟ್ಟಿರಬಹುದು, ಕ್ವಾರ್ಟರ್ಸಿನಲ್ಲಿ ವಾಸ ಇರಬಹುದು. ಇವತ್ತಿನ ಮಾತು ನಿಮಗೆ. ಒಂದೇ ಸಂಗತಿ ಹೇಳಲು ಬಂದಿದ್ದೇನೆ. ತೆರವಿನ ಆದೇಶದ ಮೇಲೆ ಅಪೀಲು ಹಾಕಲು ಇರುವುದು 12 ದಿನ. ಜಾಗ ಬಿಡಲು ಆದೇಶದಲ್ಲಿ ಬರೆಯುವ 15 ಅಲ್ಲ.

ಇದಕ್ಕೆ 1971ರ ಕೇಂದ್ರ ಕಾನೂನು ಇದೆ. ಹೆಸರು ಉದ್ದ, ಕೋರ್ಟಿನಲ್ಲಿ ನಾವು ಪಿ.ಪಿ. ಆಕ್ಟ್, ಅಂದರೆ ಪಬ್ಲಿಕ್ ಪ್ರಿಮೈಸಸ್ ಆಕ್ಟ್ ಅನ್ನುತ್ತೇವೆ. ಎಸ್ಟೇಟ್ ಆಫೀಸರ್ ಎಂಬ ಅಧಿಕಾರಿ ಮೊದಲು ನೋಟಿಸು ಕೊಡುತ್ತಾರೆ. ಯಾಕೆ ಬಿಡಬೇಕು ಎಂಬ ಕಾರಣ ಅದರಲ್ಲೇ ಇರಬೇಕು. ಉತ್ತರಕ್ಕೆ ಸಿಗುವುದು ಹೆಚ್ಚೆಂದರೆ 7 ದಿನ. ಆಮೇಲೆ ವಿಚಾರಣೆ, ಆಮೇಲೆ ಆದೇಶ.

ನೋಟಿಸು ತೆಗೆದುಕೊಳ್ಳದಿದ್ದರೆ ಕೇಸು ನಿಲ್ಲುತ್ತದೆ ಎಂದು ನಮ್ಮ ಊರಲ್ಲಿ ಸುಮಾರು ಜನ ನಂಬಿದ್ದಾರೆ. ದಯವಿಟ್ಟು ಆ ನಂಬಿಕೆ ಬಿಡಿ. ಬಾಗಿಲಿಗೆ ಅಂಟಿಸಿದರೆ ಸಾಕು, ಕೊಟ್ಟ ಹಾಗೆಯೇ ಲೆಕ್ಕ.

ಕೆಲವು ವರ್ಷದ ಹಿಂದೆ ಒಬ್ಬ ಟೈಲರ್ ನನ್ನ ಆಫೀಸಿಗೆ ಬಂದರು. ಕೇಂದ್ರದ ಒಂದು ಇಲಾಖೆಯ ಕಟ್ಟಡದ ಮೂಲೆಯಲ್ಲಿ ಅವರ ಅಂಗಡಿ. ಒಂದೇ ಹೊಲಿಗೆ ಯಂತ್ರ, ಅದರ ಮೇಲೆ ಇಬ್ಬರು ಮಕ್ಕಳ ಓದು. ಕರಾರು ಮುಗಿದಿತ್ತು, ಆದೇಶ ಬಂದಿತ್ತು. ಕಾಗದವನ್ನು ಹೊಸ ಬಟ್ಟೆಯ ಹಾಗೆ ಮಡಚಿ ಪ್ಲಾಸ್ಟಿಕ್ ಚೀಲದಲ್ಲಿಟ್ಟು ತಂದಿದ್ದರು. ಮುಖದಲ್ಲಿ ಗಾಬರಿಯೇ ಇಲ್ಲ. "15 ದಿನದೊಳಗೆ ಖಾಲಿ ಮಾಡಿ ಅಂತ ಬರೆದಿದ್ದಾರೆ ವಕೀಲರೇ, ಇವತ್ತು 14. ನಾಳೆ ಒಂದು ದಿನ ಇದೆಯಲ್ವಾ?" ಅಂದರು.

ನನಗೆ ಎದೆ ಧಸಕ್ಕೆಂದಿತು. 15 ಇದ್ದದ್ದು ಜಾಗ ಬಿಡಲು. ಅಪೀಲಿಗೆ 12. ಅದು ಆದೇಶವನ್ನು ಅಂಟಿಸಿದ ದಿನದಿಂದ ಶುರು. ಅಂಟಿಸಿದಾಗ ಇವರು ಸುಳ್ಯದಲ್ಲಿದ್ದರು, ಮಗಳ ಬಾಣಂತನ. ಅಂಗಡಿಗೆ ಬಂದು ಕಾಗದ ನೋಡಿದ್ದೇ ನಾಲ್ಕು ದಿನ ಬಿಟ್ಟು. ಅಂಗಿಯ ಜೇಬಿನಲ್ಲಿ ಬಸ್ಸಿನ ಟಿಕೇಟು ಸಿಕ್ಕಿತು. ಆ ಟಿಕೇಟನ್ನೂ ಸೇರಿಸಿ, ತಡವನ್ನು ಮನ್ನಿಸಿ ಎಂಬ ಅರ್ಜಿಯೊಂದಿಗೆ ಮರುದಿನ ಜಿಲ್ಲಾ ನ್ಯಾಯಾಧೀಶರ ಮುಂದೆ ಅಪೀಲು ಹಾಕಿದೆವು. ಜೊತೆಯಲ್ಲೇ ತಡೆಯಾಜ್ಞೆ ಕೇಳಿದೆವು. ಅಪೀಲು ಹಾಕಿದ ಮಾತ್ರಕ್ಕೆ ತೆರವು ನಿಲ್ಲುವುದಿಲ್ಲ, ಬೇರೆಯಾಗಿ ಕೇಳಲೇಬೇಕು.

ಮೂರು ದಿನದ ತಡಕ್ಕೆ ಎರಡು ತಿಂಗಳು ವಾದ ಆಯಿತು. ಅಷ್ಟೂ ದಿನ ಅವರು ಕೋರ್ಟಿನ ವರಾಂಡದಲ್ಲಿ ಕೂತಿದ್ದರು, ಹೊಲಿಗೆ ನಿಂತಿತ್ತು. ಕೊನೆಗೆ ತಡ ಮನ್ನಾ ಆಯಿತು. ಆಮೇಲೆ ನೋಡಿದರೆ ಮೊದಲ ನೋಟಿಸಿನಲ್ಲಿ ಕಾರಣವನ್ನೇ ಬರೆದಿರಲಿಲ್ಲ! ಆದೇಶ ರದ್ದಾಯಿತು, ಹೊಸದಾಗಿ ನೋಟಿಸು ಕೊಟ್ಟು ವಿಚಾರಣೆ ಮಾಡಿ ಎಂದರು. ಇಷ್ಟು ಗಟ್ಟಿ ಕೇಸು ಮೂರು ದಿನಕ್ಕಾಗಿ ಕೈತಪ್ಪುವುದರಲ್ಲಿತ್ತು. ನೆನೆದರೆ ಈಗಲೂ ಹೊಟ್ಟೆ ಉರಿಯುತ್ತದೆ.

ಸಮಯ ಮುಗಿಯುತ್ತಾ ಬಂತು, ಉಳಿದದ್ದನ್ನು ಬೇಗ ಹೇಳುತ್ತೇನೆ. ಸ್ಟೇ ತರುತ್ತೇನೆಂದು ಮುನ್ಸಿಫ್ ಕೋರ್ಟಿಗೆ ಓಡಬೇಡಿ. ಈ ವಿಷಯ ಸಿವಿಲ್ ಕೋರ್ಟಿಗೆ ಬರುವುದಿಲ್ಲ ಎಂದು ಕಾನೂನೇ ಹೇಳಿದೆ. ಬಾಡಿಗೆ ಕಾನೂನಿನ ರಕ್ಷಣೆಯೂ ಇಲ್ಲಿ ನಡೆಯುವುದಿಲ್ಲ ಎಂದು 1990ರಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ. ಕಟ್ಟಡ ಕೇರಳ ಸರಕಾರದ್ದಾದರೆ 1968ರ ಕಾನೂನು ಬೇರೆ ಇದೆ, ಆದ್ದರಿಂದ ನೋಟಿಸಿನ ತಲೆಬರಹ ಓದಿಸಿಕೊಳ್ಳಿ. ಮಲಯಾಳ, ಇಂಗ್ಲಿಷ್ ಬಾರದೆಂದು ಸುಮ್ನೆ ಕೂರಬೇಡಿ. ಅಧಿಕಾರಿಗೆ ಕನ್ನಡದಲ್ಲೇ ಅಹವಾಲು ಬರೆದುಕೊಡುವ ಹಕ್ಕು ಸಂವಿಧಾನದ 350ನೇ ವಿಧಿಯಲ್ಲಿದೆ. ವಕೀಲರಿಗೆ ಕೊಡಲು ದುಡ್ಡಿಲ್ಲದಿದ್ದರೆ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಹೆಂಗಸರಿಗೆ ಆದಾಯ ಎಷ್ಟೇ ಇರಲಿ, ವಕೀಲರು ಉಚಿತ.

ಆದೇಶ ಬಾಗಿಲಲ್ಲಿ ಕಂಡರೆ ಯಾವತ್ತು ಅಂಟಿಸಿದ್ದು ಎಂದು ಅಕ್ಕಪಕ್ಕದವರಲ್ಲಿ ಕೇಳಿ, ಕ್ಯಾಲೆಂಡರಿನಲ್ಲಿ ಆ ತಾರೀಕಿಗೆ ಗುರುತು ಹಾಕಿ. ಅಲ್ಲಿಂದ 12 ಎಣಿಸಿ. ಆದರೆ 12 ಮುಗಿಯಲು ಕಾಯಬೇಡಿ, ಆದೇಶ ಕಂಡ ಮರುದಿನ ಬೆಳಗ್ಗೆಯೇ ಕಾಗದ ಹಿಡಿದು ಜಿಲ್ಲಾ ಕೋರ್ಟು ಇರುವ ವಿದ್ಯಾನಗರದ ಬಸ್ಸು ಹತ್ತಿ. ನಮಸ್ಕಾರ.