ಗೂಡ್ಸ್ ಡಬ್ಬಿಯ ಮೇಲಿನ ಟೊಪ್ಪಿಯವನು

ಕೇಳುಗರಿಗೆ ನಮಸ್ಕಾರ.

ಅಮೆರಿಕದ ಗೂಡ್ಸ್ ರೈಲಿನ ಡಬ್ಬಿಗಳ ಮೇಲೆ ಪುಟ್ಟ ಗೆರೆಚಿತ್ರಗಳು ಕಾಣುತ್ತವೆ. ಬರೆದದ್ದು ಸೀಮೆಸುಣ್ಣದಲ್ಲಿ, ಇಲ್ಲವೇ ಎಣ್ಣೆಬಣ್ಣದ ಕಡ್ಡಿಯಲ್ಲಿ. ಒಂದು ಚಿತ್ರದಲ್ಲಿ ಹರ್ಬಿ ಅನ್ನುವವನು ತಾಳೆ ಮರದ ಕೆಳಗೆ ಕೂತು ತೂಕಡಿಸುತ್ತಾನೆ. ಇನ್ನೊಂದರಲ್ಲಿ ಬೋಜೋ ಟೆಕ್ಸಿನೋ: ಭಾವನೆಯೇ ಇಲ್ಲದ ಮುಖ, ಇಂಗ್ಲಿಷಿನ 8 ಅಂಕಿಯನ್ನು ಅಡ್ಡ ಮಲಗಿಸಿದಂಥ ಟೊಪ್ಪಿಯಂಚು. ನಮ್ಮ ಲಾರಿ ಹಿಂದಿನ ಬರಹದಂತೆ ಇವೂ ಊರೂರು ಸುತ್ತುತ್ತವೆ. ಆದರೆ ಲಾರಿ ಸಂಜೆಗೋ ವಾರಕ್ಕೋ ಮಾಲೀಕನ ಮನೆಗೆ ಬರುತ್ತದೆ. ಈ ಡಬ್ಬಿ ಹೊರಟರೆ ಹೋಯ್ತು, ಬರೆದವನ ಕಣ್ಣಿಗೆ ಮತ್ತೆ ಬೀಳುವುದೇ ಅನುಮಾನ.

ಈ ಬೋಜೋ ಯಾರು ಅಂತ ಹುಡುಕಿ ಹೊರಟವರು ಟೆಕ್ಸಾಸ್‌ನ ಬಿಲ್ ಡೇನಿಯಲ್. 1980ರ ದಶಕದ ಆರಂಭದಲ್ಲಿ ಅವರು ಅಲ್ಲಿನ ಪಂಕ್ ಅನ್ನುವ ಅಬ್ಬರದ ರಾಕ್ ಸಂಗೀತದ ಹುಡುಗರ ಫೋಟೋ ತೆಗೆಯುತ್ತಿದ್ದರು. ಆಮೇಲೆ 16 ಎಂಎಂ ಕ್ಯಾಮೆರಾ ಹೊತ್ತು ಗೂಡ್ಸ್ ರೈಲು ಹತ್ತಿದರು. ಟಿಕೆಟ್ ಇಲ್ಲ, ಸೀಟೂ ಇಲ್ಲ. (ಇದು ಕಾನೂನಿಗೆ ವಿರುದ್ಧ, ಕೈಕಾಲು ಹೋದವರೂ ಇದ್ದಾರೆ. ಕೇಳುತ್ತಿರುವ ಹುಡುಗರು ದಯವಿಟ್ಟು ನೆನಪಿಡಿ!) ‘ಹೂ ಈಸ್ ಬೋಜೋ ಟೆಕ್ಸಿನೋ?’ ಎಂಬ ಆ ಕಪ್ಪುಬಿಳುಪು ಸಾಕ್ಷ್ಯಚಿತ್ರ ಮುಗಿದದ್ದು 2005ರಲ್ಲಿ. ಹಿಡಿದ ಕಾಲ 16 ವರ್ಷ, ಸಿನಿಮಾ ಬರೀ 56 ನಿಮಿಷ.

ಇಷ್ಟು ವರ್ಷ ಯಾಕೆ ಬೇಕಿತ್ತು ಅಂತೀರಾ? ಹೀಗೆ ಗೂಡ್ಸ್ ರೈಲು ಹತ್ತಿ ಅಲೆಯುವವರನ್ನು ಹೇಳಿಕಳಿಸಿ ಕರೆಸಲು ಆಗುವುದಿಲ್ಲ, ಅಲ್ವಾ? ಅವರಿಗೆ ವಿಳಾಸವಿಲ್ಲ. ಎಷ್ಟೋ ಜನರಿಗೆ ಅಡ್ಡಹೆಸರೇ ಹೆಸರು. ರೈಲು ನಿಂತ ಕಡೆ ಕಾಯಬೇಕು, ಸಿಕ್ಕವರ ಜೊತೆ ಕೂರಬೇಕು. ಬೋಜೋ ಬಗ್ಗೆ ಒಬ್ಬೊಬ್ಬರದು ಒಂದೊಂದು ಕಥೆ. ಡೇನಿಯಲ್ ಅವನ್ನೆಲ್ಲ ಹಾಗೇ ಬಿಡುತ್ತಾರೆ. ಯಾವುದು ಸುಳ್ಳು ಅಂತ ತೀರ್ಪು ಕೊಡಲು ಹೋಗುವುದಿಲ್ಲ. ನನಗೆ ತುಂಬ ಹಿಡಿಸಿದ್ದು ಇದೇ. ಪತ್ತೇದಾರಿ ಮಾಡಲು ಹೊರಟವರು ಕೊನೆಗೆ ಒಳ್ಳೆ ಕೇಳುಗರಾದರು.

ಉತ್ತರ ಸಿಗುವುದಿಲ್ಲ ಅಂತಲ್ಲ. ಈ ಟೊಪ್ಪಿಯವನನ್ನು ಮೊದಲು ಬರೆದದ್ದು ಟೆಕ್ಸಾಸ್‌ನ ರೈಲ್ವೆ ನೌಕರ ಜೆ. ಎಚ್. ಮೆಕಿನ್ಲಿ. ಆಮೇಲೆ ಅದೇ ಹೆಸರು, ಅದೇ ಮುಖ ಇನ್ನೊಬ್ಬರ ಕೈಗೆ ಬಂತು. ಅಂದರೆ ಬೋಜೋ ಒಬ್ಬನಲ್ಲ. ಹಾಗೆ ನೋಡಿದರೆ, ಅಲೆಮಾರಿಗಳದ್ದು ಅಂತ ನಾವು ಅಂದುಕೊಂಡ ಈ ಕಲೆಯಲ್ಲಿ ಯಾರ್ಡಿನಲ್ಲಿ ದುಡಿಯುವ ನೌಕರರ ಪಾಲೂ ದೊಡ್ಡದು. ಡ್ಯೂಟಿ ನಡುವೆ ಎರಡು ನಿಮಿಷ ಸಿಕ್ಕರೆ ಒಂದು ಚಿತ್ರ.

ಸಿನಿಮಾ ತೋರಿಸಲು ಡೇನಿಯಲ್ ಥಿಯೇಟರ್‌ಗಳನ್ನು ನೆಚ್ಚಿಕೊಳ್ಳಲಿಲ್ಲ. ವ್ಯಾನ್ ಹತ್ತಿ ಊರಿಂದ ಊರಿಗೆ ಹೋಗಿ, ಜಾಗ ಸಿಕ್ಕಲ್ಲಿ ತಾವೇ ತೋರಿಸಿದರು. ಸಣ್ಣ ಪಂಕ್ ತಂಡಗಳು ಸಂಗೀತ ಕಛೇರಿ ಕೊಡಲು ಹೋಗುವುದೂ ಹೀಗೇ.

ಒಂದು ತಕರಾರು ನನಗಿದೆ. ಇದರಲ್ಲಿ ಹೆಚ್ಚಾಗಿ ಗಂಡಸರದೇ ಮಾತು. ಒಬ್ಬಳೇ ಹುಡುಗಿ ಆ ಡಬ್ಬಿ ಹತ್ತಿದರೆ ರಾತ್ರಿ ಹೇಗೆ ಕಳೆಯುತ್ತದೆ? ಅದಕ್ಕೆ ಬೇರೆಯೇ ಸಿನಿಮಾ ಬೇಕು.