ಹುಣಸೆ ಮರ ಕಡಿದ ದಿನ: ಸೈಗಾನ್, ಏಪ್ರಿಲ್ 1975

ಎಲ್ಲರಿಗೂ ನಮಸ್ಕಾರ. ಪ್ರೊಜೆಕ್ಟರ್ ಕೈಕೊಟ್ಟಿದೆ ಅಂತ ಈಗಷ್ಟೇ ಗೊತ್ತಾಯಿತು. ಹಾಗಾಗಿ ಫೋಟೊ ತೋರಿಸೋಕೆ ಬಂದವನು ಅದನ್ನು ಬಾಯಲ್ಲೇ ಹೇಳಬೇಕು. ಪರವಾಗಿಲ್ಲ, ನಿಮ್ಮಲ್ಲಿ ಬಹಳ ಜನ ಈ ಫೋಟೊವನ್ನು ಎಲ್ಲೋ ನೋಡಿರುತ್ತೀರಿ.

ಒಂದು ಕಟ್ಟಡದ ತಾರಸಿ. ಅದರ ಮೇಲೆ ಲಿಫ್ಟಿನ ಯಂತ್ರ ಇಡುವ ಪುಟ್ಟ ಕೋಣೆ. ಆ ಕೋಣೆಯ ನೆತ್ತಿಯ ಮೇಲೆ ಹೆಲಿಕಾಪ್ಟರ್ ಒಂದು ಕಾಗೆ ಕೂತ ಹಾಗೆ ಕೂತಿದೆ. ಏಣಿ ಹಾಕಿದ್ದಾರೆ, ಏಣಿಯ ತುಂಬ ಜನ. ಮೇಲೆ ನಿಂತ ಒಬ್ಬ ಬಗ್ಗಿ ಕೈ ಚಾಚಿದ್ದಾನೆ. ಇದು 1975ರ ಏಪ್ರಿಲ್ 29ರಂದು, ಆಗ ದಕ್ಷಿಣ ವಿಯೆಟ್ನಾಂನ ರಾಜಧಾನಿಯಾಗಿದ್ದ ಸೈಗಾನ್‌ನಲ್ಲಿ, ಹ್ಯೂಬರ್ಟ್ ವಾನ್ ಎಸ್ ಅನ್ನೋ ಡಚ್ ಛಾಯಾಗ್ರಾಹಕ ತೆಗೆದ ಚಿತ್ರ. ಕೆಳಗೆ ಏನು ಬರೆದಿರುತ್ತಾರೆ? "ಅಮೆರಿಕನ್ ರಾಯಭಾರ ಕಚೇರಿಯ ತಾರಸಿಯಿಂದ ಕೊನೆಯ ಹೆಲಿಕಾಪ್ಟರ್." ಅದು ರಾಯಭಾರ ಕಚೇರಿಯೂ ಅಲ್ಲ, ಕೊನೆಯ ಹೆಲಿಕಾಪ್ಟರೂ ಅಲ್ಲ. ಅದು 22, ಜಾ ಲಾಂಗ್ ಬೀದಿಯ ಒಂದು ಅಪಾರ್ಟ್‌ಮೆಂಟು. ಸಿಐಎ ನೌಕರರು ಅಲ್ಲಿ ವಾಸವಿದ್ದರು. ತಾನು ಸರಿಯಾಗಿಯೇ ಬರೆದು ಕಳಿಸಿದ್ದೆ, ಪತ್ರಿಕೆಯವರು ಬದಲಾಯಿಸಿದರು ಅಂತ ಆ ಮನುಷ್ಯ ಸಾಯುವ ತನಕ ಹೇಳಿಕೊಂಡೇ ಬಂದ. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ರಾಯಭಾರ ಕಚೇರಿ ಅಂದರೆ ಕಥೆ ಇನ್ನೂ ಚೆನ್ನಾಗಿರುತ್ತೆ, ಅಲ್ವಾ?

ಇದನ್ನು ತಲೆಯಲ್ಲಿಟ್ಟುಕೊಂಡಿರಿ, ಕೊನೆಗೆ ಇದಕ್ಕೆ ಒಂದು ಜೋಡಿ ಸಿಗುತ್ತೆ.

ಸರಿ, ಕಥೆಗೆ ಬರೋಣ. ವಿಯೆಟ್ನಾಂ ಯುದ್ಧ ಅಂದ ತಕ್ಷಣ ನಮಗೆ ಅಮೆರಿಕ ನೆನಪಾಗುತ್ತೆ. ಆದರೆ ಅಲ್ಲಿನ ಜನರಿಗೆ ಅದು ಮೂವತ್ತು ವರ್ಷದ ಯುದ್ಧ. 1946ರಲ್ಲಿ ಫ್ರೆಂಚರ ಜೊತೆ ಶುರುವಾಯಿತು. 1954ರಲ್ಲಿ ಡಿಯೆನ್ ಬಿಯೆನ್ ಫುನಲ್ಲಿ ಫ್ರೆಂಚರು ಸೋತರು, ಜಿನೀವಾದಲ್ಲಿ ಆದ ಒಪ್ಪಂದದಲ್ಲಿ ದೇಶ ಎರಡು ಹೋಳಾಯಿತು: ಉತ್ತರ ಕಮ್ಯುನಿಸ್ಟರದ್ದು, ದಕ್ಷಿಣ ಅವರ ವಿರೋಧಿಗಳದ್ದು. ಆ ಒಪ್ಪಂದದ ಉಸ್ತುವಾರಿಗೆ ಒಂದು ಅಂತರರಾಷ್ಟ್ರೀಯ ಆಯೋಗ ಮಾಡಿದರು, ಅದರ ಅಧ್ಯಕ್ಷತೆ ನಮ್ಮ ಭಾರತದ್ದು. ಜೊತೆಗೆ ಕೆನಡಾ, ಪೋಲೆಂಡ್. ಇಬ್ಬರೂ ಮಾತು ಕೇಳದಿದ್ದಾಗ ಉಸ್ತುವಾರಿ ಮಾಡೋದು ಎಷ್ಟು ಸುಖದ ಕೆಲಸ ಅಂತ ನೀವೇ ಊಹಿಸಿಕೊಳ್ಳಿ. ಆಮೇಲೆ ದಕ್ಷಿಣದ ಪರವಾಗಿ ಅಮೆರಿಕ ಇಳಿಯಿತು, 58,000ಕ್ಕೂ ಹೆಚ್ಚು ಸೈನಿಕರನ್ನು ಕಳೆದುಕೊಂಡಿತು. 1973ರ ಜನವರಿ 27ರಂದು ಪ್ಯಾರಿಸ್‌ನಲ್ಲಿ ಶಾಂತಿ ಒಪ್ಪಂದಕ್ಕೆ ಸಹಿ ಹಾಕಿ ಎರಡೇ ತಿಂಗಳಲ್ಲಿ ಸೈನ್ಯ ವಾಪಸು ಕರೆಸಿಕೊಂಡಿತು. ಉತ್ತರದವರು ಮತ್ತೆ ಮೈಮೇಲೆ ಬಿದ್ದರೆ ನಾವಿದ್ದೇವೆ ಅಂತ ಅಮೆರಿಕದ ಅಧ್ಯಕ್ಷ ನಿಕ್ಸನ್ ದಕ್ಷಿಣದ ಅಧ್ಯಕ್ಷ ಥಿಯುಗೆ ಮಾತು ಕೊಟ್ಟಿದ್ದರು. 1974ರ ಆಗಸ್ಟ್‌ನಲ್ಲಿ ನಿಕ್ಸನ್ನೇ ಮನೆಗೆ ಹೋದರು. ಮಾತೂ ಅವರ ಜೊತೆಯೇ ಹೋಯಿತು.

1975ರ ಮಾರ್ಚ್ 10. ಉತ್ತರದ ಸೈನ್ಯ ಮಧ್ಯದ ಮಲೆನಾಡಿನ ಬುವನ್ ಮಾ ತುವತ್ ಅನ್ನೋ ಊರಿಗೆ ನುಗ್ಗಿತು. ಒಂದೆರಡು ದಿನದಲ್ಲಿ ಊರು ಬಿತ್ತು. ಇಷ್ಟಕ್ಕೇ ದೇಶ ಮುಳುಗುವಂಥದ್ದೇನೂ ಇರಲಿಲ್ಲ. ಮುಳುಗಿಸಿದ್ದು ಮಾರ್ಚ್ 14ರ ಒಂದು ಸಭೆ. ಥಿಯು ತನ್ನ ಸೇನಾಪತಿಗಳನ್ನು ಕೂರಿಸಿಕೊಂಡು, ಮಲೆನಾಡನ್ನು ಬಿಟ್ಟು ಸೈನ್ಯ ಕೆಳಗಿಳಿಯಲಿ ಅಂದುಬಿಟ್ಟ. ಅದೂ ಗುಟ್ಟಾಗಿ. ಗುಟ್ಟಾಗಿ ಹೇಗೆ ಸಾಧ್ಯ ಹೇಳಿ? ಸೈನಿಕರ ಹೆಂಡತಿ ಮಕ್ಕಳು ಅದೇ ಊರಲ್ಲಿದ್ದರು. ಗಂಡ ಲಾರಿ ಹತ್ತಿದ ಮೇಲೆ ಹೆಂಡತಿ ಮನೆಯಲ್ಲಿ ಅನ್ನಕ್ಕಿಟ್ಟುಕೊಂಡು ಕೂರುತ್ತಾಳಾ? ಊರಿಗೆ ಊರೇ ಗಂಟುಮೂಟೆ ಕಟ್ಟಿತು. ಆರಿಸಿಕೊಂಡ ದಾರಿಯೋ, ವರ್ಷಗಳಿಂದ ಯಾರೂ ಓಡಾಡದೆ ಪಾಳುಬಿದ್ದ ಕಾಡುರಸ್ತೆ, ಸೇತುವೆಗಳು ಮುರಿದಿದ್ದವು. ಲಕ್ಷಕ್ಕೂ ಹೆಚ್ಚು ಜನ ಆ ದಾರಿಯಲ್ಲಿ ಸಿಕ್ಕಿಕೊಂಡರು, ಮೇಲಿಂದ ಗುಂಡು. ಅದನ್ನು ಕಣ್ಣೀರಿನ ದಂಡು ಅಂತಲೇ ಕರೆಯುತ್ತಾರೆ.

ಆಮೇಲೆ ಒಂದೊಂದಾಗಿ ಊರು ಬೀಳೋಕೆ ಶುರುವಾಯಿತು. ಮಾರ್ಚ್ 26ರ ಹೊತ್ತಿಗೆ ಹ್ವೇ. 29ಕ್ಕೆ ಡಾ ನಾಂಗ್. ಡಾ ನಾಂಗ್‌ನಿಂದ ಕೊನೆಗೆ ಹೊರಟ ವಿಮಾನದ ಕಥೆ ನಿಮಗೆ ಹೇಳಲೇಬೇಕು. ಹೆಂಗಸರು ಮಕ್ಕಳನ್ನು ಕರೆತರೋಣ ಅಂತ ಹೋದ ಬೋಯಿಂಗ್ 727 ಅದು. ನೆಲ ಮುಟ್ಟಿದ್ದೇ ತಡ, ಸೈನಿಕರೇ ಎಲ್ಲರನ್ನೂ ತಳ್ಳಿ ಒಳಗೆ ತುಂಬಿಕೊಂಡರು. ಜಾಗ ಸಿಗದವರು ಚಕ್ರದ ಗೂಡಿಗೆ ಹತ್ತಿದರು. ಸೈಗಾನ್ ಮುಟ್ಟಿದಾಗ ಇನ್ನೂರೈವತ್ತಕ್ಕೂ ಹೆಚ್ಚು ಜನರಲ್ಲಿ ಹೆಂಗಸರು ಮಕ್ಕಳು ಬೆರಳೆಣಿಕೆಯಷ್ಟು. ಸೈನಿಕರನ್ನು ಬೈಯೋದು ಸುಲಭ. ಆದರೆ ಹದಿನೈದು ದಿನದ ಹಿಂದೆ ಇದೇ ಸೈನ್ಯ ಹೋರಾಡುತ್ತಿತ್ತು. ಏಪ್ರಿಲ್‌ನಲ್ಲಿ ಶ್ವಾನ್ ಲೊಕ್ ಅನ್ನೋ ಜಾಗದಲ್ಲಿ ಇದೇ ಸೈನ್ಯದ 18ನೇ ಡಿವಿಜನ್ ಹನ್ನೆರಡು ದಿನ ಕಚ್ಚಿ ನಿಂತಿತು. ಧೈರ್ಯ ಇಲ್ಲದೆ ಓಡಿದ್ದಲ್ಲ. ಮೇಲಿನವರು ತಮ್ಮನ್ನು ಬಿಟ್ಟಾಗಿದೆ ಅನ್ನೋ ಸುದ್ದಿ ಕಿವಿಗೆ ಬಿದ್ದ ಮೇಲೆ ಕೋವಿ ಹಿಡಿದುಕೊಂಡು ಯಾರಿಗೋಸ್ಕರ ನಿಲ್ಲೋದು? ಉತ್ತರದವರೇ ಇದಕ್ಕೆ ಎರಡು ವರ್ಷದ ಲೆಕ್ಕ ಹಾಕಿಕೊಂಡಿದ್ದರು. ಎರಡು ತಿಂಗಳೂ ಹಿಡಿಯಲಿಲ್ಲ.

ಈಗ ಹುಣಸೆ ಮರ.

ಸೈಗಾನ್‌ನ ಅಮೆರಿಕನ್ ರಾಯಭಾರ ಕಚೇರಿಯ ಅಂಗಳದಲ್ಲಿ, ಕಾರು ನಿಲ್ಲಿಸುವ ಜಾಗದಲ್ಲಿ, ಒಂದು ದೊಡ್ಡ ಹುಣಸೆ ಮರ ಇತ್ತು. ನಮ್ಮಲ್ಲಿ ಹುಣಸೆ ಮರ ಅಂದರೆ ಮೊದಲು ದೆವ್ವ, ಆಮೇಲೆ ಸಾರು. ಅಲ್ಲಿ ಅದು ರಾಜಕೀಯವಾಯಿತು. ದೊಡ್ಡ ಹೆಲಿಕಾಪ್ಟರ್ ಅಂಗಳದಲ್ಲಿ ಇಳಿಯಬೇಕು ಅಂದರೆ ಆ ಮರ ಹೋಗಬೇಕು. ಕಡಿಯೋಣ ಅಂತ ಕೆಳಗಿನವರು ಕೇಳುತ್ತಲೇ ಇದ್ದರು. ರಾಯಭಾರಿ ಗ್ರಹಾಂ ಮಾರ್ಟಿನ್ ಸುತಾರಾಂ ಒಪ್ಪಲಿಲ್ಲ. ಮರಕ್ಕೆ ಕೊಡಲಿ ಬಿದ್ದ ಸದ್ದು ಕೇಳಿದರೆ ಅಮೆರಿಕನ್ನರು ಹೊರಟರು ಅಂತ ಇಡೀ ಊರಿಗೆ ಗೊತ್ತಾಗುತ್ತೆ, ಊರು ಅವತ್ತೇ ಬೀಳುತ್ತೆ ಅನ್ನೋದು ಅವರ ವಾದ.

ನಾನು ಮೊದಲು ಇದನ್ನು ಓದಿದಾಗ ಎಂಥ ಹಟಮಾರಿ ಮುದುಕ ಅಂದುಕೊಂಡಿದ್ದೆ. ಆಮೇಲೆ ನನಗೆ ನಾನು ಕೆಲಸ ಮಾಡುತ್ತಿದ್ದ ಕಾರ್ಖಾನೆ ನೆನಪಾಯಿತು. ಮುಚ್ಚುವುದಕ್ಕೆ ಒಂದು ತಿಂಗಳು ಮುಂಚೆ ನಮ್ಮ ಕ್ಯಾಂಟೀನಿಗೆ ಹೊಸ ಬಣ್ಣ ಹೊಡೆಸಿದರು. ಹಸಿರು ಬಣ್ಣ. ನಾವೆಲ್ಲ ಖುಷಿಯಿಂದ, ಬಣ್ಣ ಹೊಡೆಸುತ್ತಿದ್ದಾರೆ ಅಂದಮೇಲೆ ಮುಚ್ಚಲ್ಲ ಬಿಡಪ್ಪ ಅಂತ ಮಾತಾಡಿಕೊಂಡೆವು. ಒಬ್ಬರಂತೂ ಅದೇ ನಂಬಿಕೆ ಮೇಲೆ ಸಾಲ ಮಾಡಿ ಸ್ಕೂಟರ್ ತಗೊಂಡರು. ಬಣ್ಣ ಹೊಡೆಸಿದವರು ನಮಗೆ ಮೋಸ ಮಾಡಬೇಕು ಅಂತಲೇ ಹೊಡೆಸಿದರೋ, ಅವರಿಗೂ ಅದೇ ನಂಬಿಕೆ ಬೇಕಿತ್ತೋ, ಇವತ್ತಿಗೂ ನನಗೆ ಬಗೆಹರಿದಿಲ್ಲ. ಮಾರ್ಟಿನ್ ವಿಷಯದಲ್ಲೂ ಹಾಗೇ. ಆತನ ಸಾಕುಮಗ 1965ರಲ್ಲಿ ಇದೇ ಯುದ್ಧದಲ್ಲಿ ಸತ್ತಿದ್ದ. ಆ ಮಣ್ಣು ಬಿಟ್ಟು ಹೊರಡೋದು ಆತನಿಗೆ ಬರೀ ನೌಕರಿಯ ವರ್ಗಾವಣೆ ಆಗಿರಲಿಲ್ಲ. ಇಷ್ಟಾದರೂ, ಆ ಹಟಕ್ಕೆ ಬೆಲೆ ತೆತ್ತವರು ಬೇರೆಯವರು. ವಾರಗಟ್ಟಲೆ ಮೊದಲೇ ವ್ಯವಸ್ಥಿತವಾಗಿ ಕಳಿಸಬಹುದಾಗಿದ್ದ ಎಷ್ಟೋ ಜನ, ಅಂದರೆ ಅಮೆರಿಕನ್ನರ ಗುಮಾಸ್ತರು, ದುಭಾಷಿಗಳು, ಡ್ರೈವರುಗಳು, ಕೊನೇ ದಿನದ ತನಕ ಕಾದರು.

ಏಪ್ರಿಲ್ 21ಕ್ಕೆ ಥಿಯು ಟೀವಿಯಲ್ಲಿ ಅಮೆರಿಕವನ್ನು ಬೈದು ರಾಜೀನಾಮೆ ಕೊಟ್ಟ. ನಾಲ್ಕೈದು ದಿನದಲ್ಲಿ ರಾತ್ರೋರಾತ್ರಿ ತೈವಾನಿಗೆ ಹಾರಿದ. ಮುಂದಿನ ಅಧ್ಯಕ್ಷ ಒಂದು ವಾರ ಇದ್ದ. 28ರ ಸಂಜೆ ಜನರಲ್ ಡುವಾಂಗ್ ವಾನ್ ಮಿನ್ ಪ್ರಮಾಣವಚನ ತಗೊಂಡ. ಆಗ ಗುಡುಗು ಮಳೆ. ಅದು ಮುಗಿದ ಸ್ವಲ್ಪ ಹೊತ್ತಿಗೆ ವಿಮಾನ ನಿಲ್ದಾಣದ ಮೇಲೆ ಬಾಂಬು. ಮರುದಿನ ಬೆಳಗಿನ ಜಾವ ರಾಕೆಟ್ಟುಗಳು ಬಿದ್ದು ರನ್‌ವೇ ಹಾಳಾಯಿತು. ಇನ್ನು ಉಳಿದದ್ದು ಹೆಲಿಕಾಪ್ಟರ್ ಒಂದೇ. ಆ 29ರ ಬೆಳಗ್ಗೆ ಹುಣಸೆ ಮರ ಬಿತ್ತು.

ತೆರವಿಗೆ ಒಂದು ಗುಟ್ಟಿನ ಸಂಕೇತ ಇತ್ತು. ಅಮೆರಿಕನ್ ರೇಡಿಯೋದಲ್ಲಿ, ಸೈಗಾನ್‌ನ ತಾಪಮಾನ 105 ಡಿಗ್ರಿ ಫ್ಯಾರನ್‌ಹೀಟ್, ಇನ್ನೂ ಏರುತ್ತಿದೆ ಅಂತ ಹೇಳಿ, ಆಮೇಲೆ 'ವೈಟ್ ಕ್ರಿಸ್‌ಮಸ್' ಹಾಡು ಹಾಕೋದು. ಏಪ್ರಿಲ್ ಬಿಸಿಲಲ್ಲಿ ಹಿಮದ ಹಾಡು. ಗುಟ್ಟು ಎಷ್ಟು ಗುಟ್ಟಾಗಿತ್ತು ಅಂದರೆ, ಆ ರಾಗ ಗೊತ್ತಿಲ್ಲದ ಜಪಾನಿ ಪತ್ರಕರ್ತರು ಬೇರೆಯವರ ಹತ್ತಿರ ಹಾಡಿಸಿಕೊಂಡು ಕೇಳಿ ಇಟ್ಟುಕೊಂಡಿದ್ದರಂತೆ.

ಮುಂದಿನ ಹತ್ತೊಂಬತ್ತು ಗಂಟೆ ಹೆಲಿಕಾಪ್ಟರುಗಳು ಸಮುದ್ರದ ಹಡಗಿಗೂ ಊರಿಗೂ ಓಡಾಡಿದವು. ಸುಮಾರು 7,000 ಜನರನ್ನು ಸಾಗಿಸಿದವು. ಪೈಲಟ್ಟುಗಳ ಮಟ್ಟಿಗೆ ಅದು ದೊಡ್ಡ ಸಾಹಸವೇ. ಆದರೆ ರಾಯಭಾರ ಕಚೇರಿಯ ಗೋಡೆ ಆಚೆ ಸಾವಿರಾರು ಜನ. ಗೋಡೆ ಹತ್ತಿದವರ ಬೆರಳು ಬಿಡಿಸುವುದು ಅಲ್ಲಿ ಕಾವಲಿದ್ದ ಅಮೆರಿಕನ್ ಸೈನಿಕ ಹುಡುಗರ ಕೆಲಸ. ಇಪ್ಪತ್ತು ವರ್ಷದ ಹುಡುಗರು ಅವರು.

ದಕ್ಷಿಣದ ಸೈನ್ಯದ ಪೈಲಟ್ಟುಗಳೂ ಸಿಕ್ಕ ಹೆಲಿಕಾಪ್ಟರ್ ಹತ್ತಿ ಸಮುದ್ರದ ಕಡೆ ಹಾರಿದರು. ಹಡಗಿನಲ್ಲಿ ಜಾಗ ಸಾಲದೆ, ಬಂದ ಹೆಲಿಕಾಪ್ಟರುಗಳನ್ನೇ ನೀರಿಗೆ ತಳ್ಳಿದರು. ಮಿಡ್‌ವೇ ಅನ್ನೋ ಹಡಗಿನ ಮೇಲೆ ಒಂದು ಪುಟ್ಟ ಸೆಸ್ನಾ ವಿಮಾನ ಸುತ್ತು ಹಾಕುತ್ತಿತ್ತು. ಇಬ್ಬರು ಕೂರುವ ವಿಮಾನ. ಒಳಗೆ ಒಬ್ಬ ಮೇಜರ್, ಹೆಂಡತಿ, ಐದು ಮಕ್ಕಳು. ಆತ ಒಂದು ಚೀಟಿ ಬರೆದು ಕೆಳಗೆ ಎಸೆದ. ಹೆಲಿಕಾಪ್ಟರುಗಳನ್ನು ಪಕ್ಕಕ್ಕೆ ಸರಿಸಿದರೆ ಇಳಿಯಬಲ್ಲೆ, ಇನ್ನೂ ಒಂದು ಗಂಟೆ ಹಾರಬಲ್ಲೆ, ದಯವಿಟ್ಟು ಕಾಪಾಡಿ ಅಂತ. ಹಡಗಿನ ಕ್ಯಾಪ್ಟನ್ ಲ್ಯಾರಿ ಚೇಂಬರ್ಸ್ ಕೋಟಿಗಟ್ಟಲೆ ಬೆಲೆಯ ಹೆಲಿಕಾಪ್ಟರುಗಳನ್ನು ಸಮುದ್ರಕ್ಕೆ ನೂಕಿಸಿ ಜಾಗ ಮಾಡಿಸಿದರು. ವಿಮಾನ ಪುಟಿದು ಪುಟಿದು ನಿಂತಿತು, ಮಕ್ಕಳು ಇಳಿದರು. ಈ ಭಾಗ ಓದುವಾಗ ಪ್ರತಿ ಸಲವೂ ನಾನು ಇದೊಂದಾದರೂ ಚೆನ್ನಾಗಿ ಮುಗಿಯಿತಲ್ಲ ಅಂತ ಉಸಿರು ಬಿಡುತ್ತೇನೆ.

ಯಾಕಂದರೆ ಅಂಗಳದಲ್ಲಿ ಹಾಗೆ ಮುಗಿಯಲಿಲ್ಲ. 30ರ ಬೆಳಗಿನ ಜಾವ ವಾಷಿಂಗ್‌ಟನ್‌ನಿಂದ ಅಪ್ಪಣೆ ಬಂತು: ಇನ್ನು ಅಮೆರಿಕನ್ನರು ಮಾತ್ರ. ಐದು ಗಂಟೆಯ ಹೊತ್ತಿಗೆ ಮಾರ್ಟಿನ್ ಹೊರಟರು. ಕಡಿದ ಹುಣಸೆ ಮರದ ಜಾಗದ ಪಕ್ಕ ಸುಮಾರು 420 ಜನ ಸಾಲಾಗಿ ಕೂತಿದ್ದರು. ನಿಮ್ಮಲ್ಲಿ ಒಬ್ಬರನ್ನೂ ಬಿಟ್ಟು ಹೋಗಲ್ಲ ಅಂತ ಅವರಿಗೆ ಮಾತು ಕೊಟ್ಟಿದ್ದವರಲ್ಲಿ ಕ್ಯಾಪ್ಟನ್ ಸ್ಟುವರ್ಟ್ ಹೆರಿಂಗ್‌ಟನ್ ಒಬ್ಬರು. ವಿಯೆಟ್ನಾಮಿ ಭಾಷೆ ಬಲ್ಲವರು. ಅವರೇ ಆಮೇಲೆ ಹೇಳಿಕೊಂಡಿದ್ದಾರೆ: ಎಲ್ಲರೂ ಹೋದ ಮೇಲೆ ಅವರೊಬ್ಬರೇ ಆ ಜನರ ಜೊತೆ ಕತ್ತಲಲ್ಲಿ ಸ್ವಲ್ಪ ಹೊತ್ತು ಕೂತರು. ಆಮೇಲೆ, ಮೂತ್ರ ಮಾಡಿ ಬರುತ್ತೇನೆ ಅಂತ ಎದ್ದರು. ಕತ್ತಲಲ್ಲಿ ಬಳಸಿಕೊಂಡು ಹೋಗಿ ತಾರಸಿ ಹತ್ತಿದರು.

30ರ ಬೆಳಗ್ಗೆ ಎಂಟು ಗಂಟೆಗೆ ಮುಂಚೆ ಕೊನೆಯ ಅಮೆರಿಕನ್ ಸೈನಿಕರೂ ಹೊರಟರು. ಹತ್ತೂವರೆ ಸುಮಾರಿಗೆ ಮಿನ್ ರೇಡಿಯೋದಲ್ಲಿ ಕೋವಿ ಕೆಳಗಿಡಿ ಅಂದ. ಬೀದಿಯಲ್ಲಿ ಬೂಟುಗಳು, ಸಮವಸ್ತ್ರಗಳು. ಸೈನಿಕರು ನಿಂತಲ್ಲೇ ಬಟ್ಟೆ ಬಿಚ್ಚಿ ಒಳಚಡ್ಡಿಯಲ್ಲಿ ಜನರ ನಡುವೆ ಸೇರಿಹೋದರು. ಉತ್ತರದವರ ಟ್ಯಾಂಕುಗಳು ಅಧ್ಯಕ್ಷರ ಅರಮನೆಗೆ ನುಗ್ಗಿದಾಗ ಮಿನ್ ತನ್ನ ಮಂತ್ರಿಗಳ ಜೊತೆ ಸುಮ್ನೆ ಕೂತಿದ್ದ. 1963ರಲ್ಲಿ ಅಧ್ಯಕ್ಷ ಜಿಯೆಮ್‌ನನ್ನು ಬೀಳಿಸಿದ ದಂಗೆಯ ಮುಂದಾಳು ಇವನೇ. ಅಧಿಕಾರ ಒಪ್ಪಿಸೋಕೆ ಕಾಯುತ್ತಿದ್ದೇನೆ ಅಂದ. ನಿಮ್ಮ ಹತ್ತಿರ ಇಲ್ಲದೇ ಇರೋದನ್ನು ಹೇಗೆ ಒಪ್ಪಿಸುತ್ತೀರಿ ಅನ್ನೋ ಉತ್ತರ ಬಂತು. ರೇಡಿಯೋ ಕೇಂದ್ರಕ್ಕೆ ಕರೆದುಕೊಂಡು ಹೋಗಿ ಶರಣಾಗತಿ ಓದಿಸಿದರು. ಅದನ್ನು ಮುದ್ರಿಸಿಕೊಂಡದ್ದು ಅಲ್ಲೇ ಇದ್ದ ಒಬ್ಬ ಜರ್ಮನ್ ಪತ್ರಕರ್ತನ ಕ್ಯಾಸೆಟ್ ರೆಕಾರ್ಡರಿನಲ್ಲಿ. ಮೂವತ್ತು ವರ್ಷದ ಯುದ್ಧ ಮುಗಿದದ್ದು ಎರವಲು ಟೇಪಿನಲ್ಲಿ.

ಇವತ್ತಿನ ಆಮಂತ್ರಣದಲ್ಲಿ 'ಸೈಗಾನ್ ಪತನ' ಅಂತ ಹಾಕಿದ್ದಕ್ಕೆ ಒಬ್ಬರು ನಿನ್ನೆ ಫೋನ್ ಮಾಡಿ ಜಗಳ ಆಡಿದರು. ಪತನ ಅಲ್ಲ ರೀ, ವಿಮೋಚನೆ ಅಂತ. ಅವರ ಮಾತೂ ಸರಿ. ವಿಯೆಟ್ನಾಂನಲ್ಲಿ ಏಪ್ರಿಲ್ 30 ಸರ್ಕಾರಿ ರಜೆ, ದಕ್ಷಿಣದ ವಿಮೋಚನೆಯ ದಿನ, ಪಟಾಕಿ, ಮೆರವಣಿಗೆ. ದೋಣಿ ಹತ್ತಿ ಹೋದವರ ಮನೆಗಳಲ್ಲಿ, ಕ್ಯಾಲಿಫೋರ್ನಿಯಾದಲ್ಲೋ ಸಿಡ್ನಿಯಲ್ಲೋ, ಅದು ಕಪ್ಪು ಏಪ್ರಿಲ್. ಗೆದ್ದವರು ನಡೆಸಿದ 'ಮರುಶಿಕ್ಷಣ'ದ ಶಿಬಿರಗಳಲ್ಲಿ ವರ್ಷಗಟ್ಟಲೆ ಕೊಳೆತವರು, ಸಮುದ್ರದಲ್ಲಿ ಮುಳುಗಿದವರು ಅವರ ಮನೆಯವರು. ಇನ್ನೊಂದು ಕಡೆ, ಬಾಂಬು ಬೀಳೋದು ನಿಂತಿತಲ್ಲ ಅಂತ ಮೂವತ್ತು ವರ್ಷದಲ್ಲಿ ಮೊದಲ ಸಲ ನಿದ್ದೆ ಮಾಡಿದ ಊರುಗಳೂ ಇದ್ದವು. ನಾನು ಪತನ ಅಂತಲೇ ಹಾಕಿದೆ, ಯಾಕಂದರೆ ನಾನು ಹೇಳೋಕೆ ಹೊರಟಿದ್ದು ಅಂಗಳದಲ್ಲಿ ಕೂತಿದ್ದವರ ಕಥೆ. ಫೋನ್ ಮಾಡಿದವರು ಇಲ್ಲೇ ಕೂತಿದ್ದರೆ ಆಮೇಲೆ ಮುಂದುವರಿಸೋಣ.

ಹಾಂ, ಫೋಟೊದ ಜೋಡಿ. ಅರಮನೆಯ ಗೇಟು ಮುರಿದ ಮೊದಲ ಟ್ಯಾಂಕು 843 ಅಂತ ಇಪ್ಪತ್ತು ವರ್ಷ ವಿಯೆಟ್ನಾಂ ಹೇಳಿಕೊಂಡು ಬಂತು. ಅದರ ಕಮಾಂಡರ್ ಬುಯಿ ಕ್ವಾಂಗ್ ಥಾನ್ ತಾರಸಿ ಹತ್ತಿ ಬಾವುಟ ಕಟ್ಟಿದ್ದು ನಿಜವೇ. ಆದರೆ 1995ರಲ್ಲಿ ಫ್ರಾನ್ಸ್‌ವಾಜ್ ಡೆಮುಲ್ಡರ್ ಅನ್ನೋ ಫ್ರೆಂಚ್ ಛಾಯಾಗ್ರಾಹಕಿ ತಾನು ಅವತ್ತು ತೆಗೆದ ಚಿತ್ರ ಹಿಡಿದುಕೊಂಡು ವಾಪಸು ಬಂದರು. ಅದರಲ್ಲಿ ದೊಡ್ಡ ಗೇಟು ಮುರಿದು ಒಳಗೆ ಬರುತ್ತಿರೋದು 390ನೇ ನಂಬರಿನ ಟ್ಯಾಂಕು. 843 ಪಕ್ಕದ ಸಣ್ಣ ಗೇಟಿಗೆ ಗುದ್ದಿ ಸಿಕ್ಕಿಕೊಂಡಿತ್ತು. 390ರಲ್ಲಿದ್ದ ನಾಲ್ಕು ಜನರನ್ನು ಆಮೇಲೆ ಹುಡುಕಿಸಿದರು. ಅಷ್ಟೊತ್ತಿಗೆ ಅವರು ಸೈನ್ಯ ಬಿಟ್ಟು ಊರು ಸೇರಿ ಎಷ್ಟೋ ವರ್ಷವಾಗಿತ್ತು. ಅದರಲ್ಲೊಬ್ಬರು ತಲೆಗೂದಲು ಕತ್ತರಿಸುವ ಕೆಲಸ ಮಾಡಿಕೊಂಡಿದ್ದರು.

ಇನ್ನು ನೀವು ಕೇಳಿ. ಮೈಕು ಹಿಂದಿನ ಸಾಲಿನಿಂದ ಶುರುವಾಗಲಿ, ಮುಂದಿನವರು ಯಾವಾಗಲೂ ಜಾಸ್ತಿ ಮಾತಾಡುತ್ತಾರೆ.